ಕ್ರಿಯಾಪದದ ಮುಂದಿನ ಕಲ್ಲು

ಆ ಊರಿನಲ್ಲಿ ಯಾರೂ ಒಂದು ಇಡೀ ವಾಕ್ಯವನ್ನು ಒಬ್ಬರೇ ಆಡುವಂತಿರಲಿಲ್ಲ.

ಮನೆಯೊಳಗೆ ಏನು ಬೇಕಾದರೂ ಮಾತಾಡಿಕೊಳ್ಳಬಹುದಿತ್ತು. ಬಚ್ಚಲಲ್ಲಿ, ಹಿತ್ತಲಲ್ಲಿ, ಎಮ್ಮೆಯ ಕಿವಿಯಲ್ಲಿ. ಊರು ಅದನ್ನು ಮಾತೆಂದು ಎಣಿಸುತ್ತಿರಲಿಲ್ಲ. ಊರು ಕೇಳಬೇಕಾದರೆ ಕಟ್ಟೆಗೆ ಬರಬೇಕು. ಸಾಲು ನಿಲ್ಲಬೇಕು. ಸಾಲಿನಲ್ಲಿ ಒಬ್ಬೊಬ್ಬರದು ಒಂದೊಂದು ಪದ. ತನ್ನ ಪದ ಆಡಿದ ಮೇಲೆ ಬಾಯಿ ಮುಚ್ಚಬೇಕು.

ಇದನ್ನು ಕಲಿಸಿದವನು ಒಬ್ಬ ದಾರಿಹೋಕ. ಯಾವ ಕಾಲದಲ್ಲೋ ಬಂದವನು. ಹಂಗೇರಿ ಎಂಬ ದೇಶದವನಂತೆ. ಹಂಗೇರಿ ಎಲ್ಲಿದೆ ಎಂದು ಊರಿಗೆ ಆಗಲೂ ಗೊತ್ತಿರಲಿಲ್ಲ, ಈಗಲೂ ಗೊತ್ತಿಲ್ಲ. ಹಸಿದಿದ್ದ. ಅನ್ನಕ್ಕೆ ಬದಲಾಗಿ ಕೊಡಲು ಅವನ ಹತ್ತಿರ ಏನೂ ಇರಲಿಲ್ಲ. ತನ್ನ ಭಾಷೆಯಲ್ಲಿ ಪದಗಳು ಹೇಗೆ ಸಾಲು ನಿಲ್ಲುತ್ತವೆ ಎಂದು ಹೇಳಿಕೊಟ್ಟ. ಹೊಟ್ಟೆ ಬಿರಿಯ ತಿಂದ. ಭೇದಿ ಹತ್ತಿ ಸತ್ತ. ಊರು ಅವನನ್ನು ಹೂಳಿತು. ಅವನ ಪಾಠವನ್ನು ಹೂಳಲಿಲ್ಲ.

ಪಾಠ ಚಿಕ್ಕದು. ಪ್ರತಿ ಸಾಲಿಗೆ ಮೊದಲು ಊರಿನ ಪಂಡಿತ ಅದನ್ನು ಮೂಗಿನಲ್ಲಿ ಹಾಡುತ್ತಿದ್ದ:

ಗೊತ್ತಿರುವುದು ಎಲ್ಲಕ್ಕಿಂತ ಮೊದಲು.
ಭಾರದ್ದು ಕ್ರಿಯಾಪದದ ಮುಂದೆ, ಒತ್ತಿಕೊಂಡು.
ಉಳಿದದ್ದು ಉಳಿದಲ್ಲಿ.

ಜನ ಕಣ್ಣು ಮುಚ್ಚಿ ತಲೆ ಆಡಿಸುತ್ತಿದ್ದರು.

ಕ್ರಿಯಾಪದ ಎಂದರೆ ಒಬ್ಬ ಮನುಷ್ಯ. ಮುದುಕ. ಹೊಡೆದ, ಕೊಟ್ಟ, ಕದ್ದ, ಕಟ್ಟಿಸಿದ, ಹೀಗೆ ಆದದ್ದು ಏನಿದ್ದರೂ ಅದನ್ನು ಅವನೇ ಹೇಳಬೇಕು. ಕಟ್ಟೆಯ ಕೊನೆಯಲ್ಲಿ ಅವನಿಗೊಂದು ಕುರ್ಚಿ. ಕುರ್ಚಿಯ ಮುಂದೆ ಒಂದು ಕರಿ ಕಲ್ಲು. ಭಾರ ಯಾರ ಮೇಲೆ ಬೀಳಬೇಕೋ ಅವರು ಆ ಕಲ್ಲಿನ ಮೇಲೆ ನಿಲ್ಲಬೇಕು. ಊರು ಸಾಲಿನ ಎಲ್ಲ ಪದಗಳನ್ನೂ ಕೇಳುತ್ತಿತ್ತು. ಆದರೆ ಕಲ್ಲಿನ ಮೇಲಿನ ಪದ ಒಂದನ್ನೇ ಬಾಯಿ ತೆರೆದು ಮತ್ತೆ ಮತ್ತೆ ಕೂಗುತ್ತಿತ್ತು. ಉಳಿದದ್ದು ಉಳಿದಲ್ಲೇ ಉಳಿಯುತ್ತಿತ್ತು.

ಒಳ್ಳೆಯ ಸುದ್ದಿಯಾದರೆ ಕಲ್ಲಿನ ಮೇಲೆ ನಿಂತವನ ತಲೆಗೆ ತುಪ್ಪ ಸುರಿಯುತ್ತಿದ್ದರು. ಅದು ತಲೆಯಿಂದ ಕಿವಿಗೆ, ಕಿವಿಯಿಂದ ಕಂಕುಳಿಗೆ, ಅಲ್ಲಿಂದ ಕಾಲಿಗೆ, ಕಾಲಿನಿಂದ ಕಲ್ಲಿಗೆ ಇಳಿಯುತ್ತಿತ್ತು. ಜನ ಮೇಲೆ ಬಿದ್ದು ಕಲ್ಲಿನ ತುಪ್ಪವನ್ನು ಬೆರಳಿನಿಂದ ಬಳಿದು ನೆಕ್ಕುತ್ತಿದ್ದರು. ಉಗುರಿನ ಸಂದಿಯ ಮಣ್ಣು ಸಮೇತ. ಕೆಟ್ಟ ಸುದ್ದಿಯಾದರೆ ನಿಂತವನ ಮೇಲೆ ಹಿಡಿ ಹಿಡಿ ಬೂದಿ ಎರಚಿ, ಊರಬಾಗಿಲಿನ ಆಚೆಗೆ ತಳ್ಳಿ ಬರುತ್ತಿದ್ದರು. ಬೂದಿ ತುಪ್ಪಕ್ಕೆ ಅಂಟುತ್ತಿತ್ತು. ಅದರ ಮೇಲೆ ಮತ್ತೆ ತುಪ್ಪ. ಕಲ್ಲು ವರ್ಷದಿಂದ ವರ್ಷಕ್ಕೆ ದಪ್ಪವಾಗುತ್ತಿತ್ತು. ಸೊಳ್ಳೆ, ನೊಣ, ಇರುವೆ. ಹತ್ತಿರ ಹೋದರೆ ಹಳೆಯ ಜಿಡ್ಡಿನ ವಾಸನೆ ಗಂಟಲಿಗೆ ಹಿಡಿಯುತ್ತಿತ್ತು. ಊರು ಅದನ್ನು ಪರಿಮಳ ಎನ್ನುತ್ತಿತ್ತು.

ಇಂಥ ಕಲ್ಲಿಗಾಗಿ ಒಳ್ಳೆಯ ಸುದ್ದಿಯ ದಿನ ನೂಕುನುಗ್ಗಲು. ಬಾವಿ ತೋಡಿಸಿದವನು ಹತ್ತಲು ಹೋದರೆ ಬಾವಿ ತೋಡಿದವನು ಅವನ ಕಚ್ಚೆ ಹಿಡಿದು ಎಳೆಯುತ್ತಿದ್ದ. ಕೆಟ್ಟ ಸುದ್ದಿಯ ದಿನ ಕಲ್ಲಿನ ಸುತ್ತ ಯಾರೂ ಇಲ್ಲ. ಅಂಥ ದಿನಕ್ಕೆಂದೇ ಊರಿನಲ್ಲಿ ಒಬ್ಬ ಇದ್ದ. ಅವನ ಹೆಸರು ಉಪಸರ್ಗ.

ಉಪಸರ್ಗ ಕುಳ್ಳ. ಅರವತ್ತು ದಾಟಿದವನು. ಅವನ ಪದ ಒಂದೇ: ಪೂರಾ. ಬರೀ ಅಷ್ಟಕ್ಕೆ ಅರ್ಥವಿಲ್ಲ. ಯಾರ ಮೇಲೂ ಭಾರ ಬೀಳಬಾರದು ಎಂದಾಗ ಅವನನ್ನು ಕಲ್ಲಿಗೆ ಹತ್ತಿಸುತ್ತಿದ್ದರು. 'ಪೂರಾ' ಎನ್ನುತ್ತಿದ್ದ. ಕ್ರಿಯಾಪದ ತನ್ನ ಪದ ಹೇಳುತ್ತಿದ್ದ. ಊರು "ಪೂರಾ! ಪೂರಾ!" ಎಂದು ಕೂಗಿ ಊಟಕ್ಕೆ ಹೋಗುತ್ತಿತ್ತು. ಹೀಗೆ ಊರು ಪೂರಾ ಎಂದು ಕೂಗಿದ ಮಾತಿಗೆ ಮತ್ತೆ ಸಾಲು ಕರೆಯುವಂತಿಲ್ಲ. ಬೇರೆ ಯಾರಾದರೂ ಕಲ್ಲು ಹತ್ತಿದರೆ ಉಪಸರ್ಗ ಕುರ್ಚಿಯ ಹಿಂದಕ್ಕೆ ಹೋಗಿ, ಎಲ್ಲ ಮುಗಿದ ಮೇಲೆ ಅದೇ ಪದವನ್ನು ಗೊಣಗಬೇಕು. ಇದೂ ಹಂಗೇರಿಯವನ ಪಾಠವಂತೆ.

"ಮುಂದೆ ನಿಂತ್ರೆ ಊರೆಲ್ಲ ನನ್ನ ಪದ ಕೂಗ್ತದೆ. ಹಿಂದೆ ನಿಂತ್ರೆ ಕುರ್ಚಿ ನೆರಳು. ನನಗೇನು?" ಎನ್ನುತ್ತಿದ್ದ ಉಪಸರ್ಗ.

ಸಾಲಿನ ತಲೆಯಲ್ಲಿ, ಕಲ್ಲಿನಿಂದ ಬಹಳ ದೂರ, ಮೊದಲಿಗ ನಿಲ್ಲುತ್ತಿದ್ದ. ಎಲ್ಲರಿಗೂ ಗೊತ್ತಿರುವವನು. ಗೊತ್ತಿರುವುದು ಎಲ್ಲಕ್ಕಿಂತ ಮೊದಲು. ಅವನ ಅಪ್ಪನೂ ಅಲ್ಲೇ ನಿಂತಿದ್ದ, ಅಜ್ಜನೂ. ಕಟ್ಟೆಯ ಆ ತುದಿಯಲ್ಲಿ ಅವನಿಗೆ ಒರಗುದಿಂಬು, ಎಲೆಅಡಿಕೆಯ ತಟ್ಟೆ, ಉಗುಳಲು ಹಿತ್ತಾಳೆಯ ಪೀಕದಾನಿ. ಪೀಕದಾನಿ ತುಂಬಿದರೆ ಪಂಡಿತ ಎತ್ತಿಕೊಂಡು ಹೋಗಿ ಚೆಲ್ಲಿ ಬರುತ್ತಿದ್ದ. ಕೈ ತೊಳೆಯುತ್ತಿರಲಿಲ್ಲ. ಪಂಚೆಗೆ ಒರೆಸಿಕೊಂಡು ಪಾಠ ಹಾಡುತ್ತಿದ್ದ.

ಮೊದಲಿಗ ಕೆಟ್ಟದ್ದು ಮಾಡುತ್ತಿರಲಿಲ್ಲ ಎಂದಲ್ಲ. ಮಾಡುತ್ತಿದ್ದ. ಸಾಲಿನಲ್ಲಿ ಅವನ ಪದವೇ ಮೊದಲು ಬರುತ್ತಿತ್ತು. ಎಲ್ಲರೂ ಕೇಳುತ್ತಿದ್ದರು. ಕೇಳಿ ಮುಂದಿನ ಪದಕ್ಕೆ ಕಾಯುತ್ತಿದ್ದರು.

ಕಲ್ಲಿಗೆ ತುಪ್ಪ ಒದಗಿಸುತ್ತಿದ್ದವಳು ಒಬ್ಬ ಹೆಂಗಸು. ಊರು ಅವಳನ್ನು ತುಪ್ಪದವಳು ಎನ್ನುತ್ತಿತ್ತು. ಅವಳಿಗೆ ಒಬ್ಬಳು ಮಗಳು. ಮಗಳು ಗಡಿಗೆ ಹೊತ್ತು ಮನೆ ಮನೆಗೆ ಹೋಗುತ್ತಿದ್ದಳು. ಒಂದು ಮಧ್ಯಾಹ್ನ ಮೊದಲಿಗನ ಮನೆಯ ಜಗಲಿಯಲ್ಲಿ ಗಡಿಗೆ ಜಾರಿತು. ಮೊದಲಿಗನ ಶಾಲಿಗೆ ತುಪ್ಪ ಚೆಲ್ಲಿತು. ಒಗೆದುಕೊಡು ನಡಿ ಎಂದು ಅವಳನ್ನು ಕೆರೆಗೆ ಕರೆದುಕೊಂಡು ಹೋದ. ತುಪ್ಪದ ಕಲೆ ನೀರಿಗೆ ಹೋಗುವುದಿಲ್ಲ. ಅವನಿಗೆ ಸಿಟ್ಟು ಬಂತು. ಅವಳ ತಲೆಯನ್ನು ನೀರಿಗೆ ಒತ್ತಿದ. ಒತ್ತಿ ಹಿಡಿದ. ಆಮೇಲೆ ಶಾಲನ್ನು ಹಿಂಡಿಕೊಂಡು ಮನೆಗೆ ಬಂದು ಊಟ ಮಾಡಿದ.

ಕೆರೆ ಕಾಯುವವನು ಅದನ್ನು ನೋಡಿದ. ದೀಪ ಹಚ್ಚುವ ಹೊತ್ತಿಗೆ ಊರಿಗೆಲ್ಲ ಗೊತ್ತಾಗಿತ್ತು.

ತುಪ್ಪದವಳು ಮಗಳನ್ನು ಮಣ್ಣು ಮಾಡಿದಳು. ಮಗಳು ಅಂದು ಉಟ್ಟಿದ್ದ ಲಂಗ ಒಂದನ್ನು ಉಳಿಸಿಕೊಂಡಳು. ಒಂದು ಗಡಿಗೆ ತುಪ್ಪ ಹೊತ್ತುಕೊಂಡು ಪಂಡಿತನ ಬಾಗಿಲಿಗೆ ಬಂದಳು. ಕಲ್ಲಿಗೆ ತುಪ್ಪ ತಂದವರು ಯಾರೇ ಆಗಲಿ ಸಾಲು ಕರೆಯಬಹುದಿತ್ತು.

"ಸಾಲು ಕರೀರಿ ಸ್ವಾಮಿ" ಎಂದಳು.

"ಏನಂತ?"

"ಆದದ್ದನ್ನೇ. ಅವನನ್ನ ಕಲ್ಲಿನ ಮೇಲೆ ನಿಲ್ಲಿಸಿ. ಊರು ಅವನ ಹೆಸರು ಕೂಗ್ಬೇಕು. ನಾನು ಕೇಳ್ಬೇಕು. ಅಷ್ಟೇ."

ಪಂಡಿತ ಗಡಿಗೆಯೊಳಗೆ ಬೆರಳಿಟ್ಟ. ನೆಕ್ಕಿದ.

"ಹದವಾಗಿದೆ" ಎಂದ. "ನೋಡಮ್ಮಾ, ಅವರು ಮಾಡಿದ್ದು ಊರಿಗೆ ಗೊತ್ತಿಲ್ವಾ?"

"ಗೊತ್ತು."

"ಎಲ್ಲರಿಗೂ?"

"ಎಮ್ಮೆಗಳಿಗೂ ಗೊತ್ತು."

"ಮತ್ತೆ? ಗೊತ್ತಿರೋದು ಎಲ್ಲಕ್ಕಿಂತ ಮೊದಲು. ಗೊತ್ತಿರೋದಕ್ಕೆ ಭಾರ ಹಾಕೋಕೆ ಆಗಲ್ಲ. ಅವರು ತಮ್ಮ ಜಾಗದಲ್ಲೇ ನಿಲ್ತಾರೆ. ಅವರ ಪದ ಬಿಡಲ್ಲ, ಹೇಳೇ ಹೇಳ್ತೀವಿ. ಮರೆಮಾಚೋ ಊರಲ್ಲ ಇದು."

ಸಾಲು ಕರೆದರು. ಪಂಡಿತ ಪಾಠ ಹಾಡಿದ. ಜನ ಮುಷ್ಟಿಯಲ್ಲಿ ಬೂದಿ ಹಿಡಿದು ನಿಂತರು. ಸತ್ತವರು ಬರುವಂತಿಲ್ಲವಾದ್ದರಿಂದ ಮಗಳ ಬದಲು ಅವಳ ಲಂಗವನ್ನು ಬಿದಿರಿನ ಗಳಕ್ಕೆ ಕಟ್ಟಿ ತಾಯಿಯ ಕೈಗೆ ಕೊಟ್ಟರು. ಕೆರೆ ಕಾಯುವವನು ಕೆರೆಯ ನೀರನ್ನು ಬಿಂದಿಗೆಯಲ್ಲಿ ತಂದ.

"ನಿನ್ನ ಪದ 'ಹುಡುಗಿಯನ್ನು'" ಎಂದ ಪಂಡಿತ.

"ನನ್ನ ಮಗಳನ್ನು ಅಂತೀನಿ."

"ಆಗಲ್ಲ. 'ನನ್ನ' ಅನ್ನೋದು ಇನ್ನೊಂದು ಪದ. ಅದಕ್ಕೆ ಸಾಲಲ್ಲಿ ಜಾಗ ಇಲ್ಲ."

ಸಾಲಿನ ತಲೆಯಲ್ಲಿ ಮೊದಲಿಗ. ಆಮೇಲೆ ಲಂಗ. ಕಲ್ಲಿನ ಮೇಲೆ ಬಿಂದಿಗೆ. ಕುರ್ಚಿಯಲ್ಲಿ ಕ್ರಿಯಾಪದ. ಕುರ್ಚಿಯ ಹಿಂದೆ ಉಪಸರ್ಗ.

"ಮೊದಲಿಗ" ಎಂದ ಮೊದಲಿಗ, ಎಲೆ ಜಗಿಯುತ್ತ.

"ಹುಡುಗಿಯನ್ನು" ಎಂದಳು ತುಪ್ಪದವಳು.

"ಕೆರೆಯಲ್ಲಿ" ಎಂದ ಕೆರೆ ಕಾಯುವವನು.

"ಮುಳುಗಿಸಿದ" ಎಂದ ಕ್ರಿಯಾಪದ.

"ಪೂರಾ" ಎಂದ ಉಪಸರ್ಗ.

ಇನ್ನೇನು ಬೇಕು? ಎಲ್ಲ ಇತ್ತು ಅದರಲ್ಲಿ. ಊರು ಬಾಯಿ ತೆರೆಯಿತು.

"ಕೆರೆಯಲ್ಲಿ! ಕೆರೆಯಲ್ಲಿ! ಕೆರೆಯಲ್ಲಿ!"

ಕೆರೆಯನ್ನು ಬೈಯುತ್ತ ಓಡಿದರು. ದಡದಲ್ಲಿ ನಿಂತು ನೀರಿಗೆ ಬೂದಿ ಎರಚಿದರು. ಕೋಲಿನಿಂದ ನೀರನ್ನು ಹೊಡೆದರು. ಕ್ಯಾಕರಿಸಿ ಉಗಿದರು. ಕೆರೆಯನ್ನು ಊರಾಚೆಗೆ ತಳ್ಳಲು ಆಗುವುದಿಲ್ಲ. ಆದ್ದರಿಂದ ಸುಸ್ತಾಗಿ ಮನೆಗೆ ಬಂದರು. ಸಂಜೆ ಅದೇ ನೀರನ್ನು ತಂದು ಅಡುಗೆ ಮಾಡಿ ಉಂಡರು. ಹಲ್ಲಿನ ನಡುವೆ ಬೂದಿ ಕರಕರ ಎಂದಿತು.

ಮರುದಿನ ತುಪ್ಪದವಳು ಕಟ್ಟೆಗೆ ಮತ್ತೊಂದು ಗಡಿಗೆ ತಂದಳು.

"ಮತ್ತೆ ಕರೀರಿ."

ಪಂಡಿತ ಒರಗುದಿಂಬಿನ ಕಡೆ ನೋಡಿದ. ಮೊದಲಿಗ ನಕ್ಕ. ಹಲ್ಲು ಕೆಂಪಾಗಿತ್ತು.

"ಕರೀರಿ, ಕರೀರಿ. ಪಾಪ, ಹೆತ್ತ ಹೊಟ್ಟೆ" ಎಂದ. "ಈ ಸಲ ಆ ಹುಡುಗಿಗೇ ಕಲ್ಲು ಬಿಟ್ಟುಕೊಡಿ. ನಾನು ಬೇಡ ಅನ್ನೋದಿಲ್ಲ. ದೊಡ್ಡ ಜಾಗ ಅದು."

ಪಂಡಿತ ಪಾಠ ಹಾಡಿದ. ಗೊತ್ತಿರುವುದು ಎಲ್ಲಕ್ಕಿಂತ ಮೊದಲು. ಭಾರದ್ದು ಕ್ರಿಯಾಪದದ ಮುಂದೆ, ಒತ್ತಿಕೊಂಡು. ತುಪ್ಪದವಳು ತನ್ನದೇ ತುಪ್ಪದಲ್ಲಿ ಕಾಲು ಜಾರುತ್ತ ಗಳ ಹಿಡಿದು ಕಲ್ಲು ಹತ್ತಿದಳು. ಲಂಗ ಕ್ರಿಯಾಪದದ ಮುಖಕ್ಕೆ ತಾಗಿತು. ಅದರಲ್ಲಿ ಇನ್ನೂ ಪಾಚಿಯ ವಾಸನೆ ಇತ್ತು.

"ಮೊದಲಿಗ."

"ಕೆರೆಯಲ್ಲಿ."

"ಹುಡುಗಿಯನ್ನು."

"ಮುಳುಗಿಸಿದ."

"ಪೂರಾ."

"ಹುಡುಗಿಯನ್ನು! ಹುಡುಗಿಯನ್ನು! ಹುಡುಗಿಯನ್ನು!"

ಲಂಗದ ಮೇಲೆ ಬೂದಿ ಬಿತ್ತು. ತಾಯಿಯ ಮೇಲೂ ಬಿತ್ತು. ಕಣ್ಣಿಗೆ, ಬಾಯಿಗೆ.

"ಹುಡುಗಿಗೆ ಅಲ್ಲೇನು ಕೆಲಸ?" ಎಂದಿತು ಒಂದು ಗಂಡು ದನಿ.

"ಮಧ್ಯಾಹ್ನದ ಹೊತ್ತು ಬೇರೆ! ಕೇಳೋರಿಲ್ಲ ಹೇಳೋರಿಲ್ಲ."

"ಗಡಿಗೆ ಹಿಡಿಯೋಕೆ ಬರದ ಕೈ ಯಾಕೆ ಬೇಕು?" ಎಂದಿತು ಒಂದು ಹೆಣ್ಣು ದನಿ.

ನಿನ್ನೆ ಕೆರೆಗೆ ಹೊಡೆದು ಹೊಡೆದು ಅಂಗೈ ಬೊಬ್ಬೆ ಎದ್ದವರೇ ಇವರು. ಇವತ್ತು ಕೆರೆ ಯಾರಿಗೂ ನೆನಪಿಲ್ಲ. ಲಂಗವನ್ನು ಗಳದಿಂದ ಕಿತ್ತು, ಕೋಲಿನ ತುದಿಯಿಂದ ಎತ್ತಿಕೊಂಡು, ಊರಬಾಗಿಲಿನ ಆಚೆಯ ಮುಳ್ಳಿನ ಬೇಲಿಗೆ ಎಸೆದು ಬಂದರು. ತಾಯಿಯನ್ನೂ ತಳ್ಳಲು ಹೊರಟಿದ್ದರು.

"ಅವಳು ಇರ್ಲಿ" ಎಂದ ಮೊದಲಿಗ. "ತುಪ್ಪ ಬೇಕಲ್ಲ."

ಅವಳು ಬೇಲಿಗೆ ಹೋಗಿ ಲಂಗ ಬಿಡಿಸಿದಳು. ಹರಿಯದಂತೆ ಒಂದೊಂದು ಮುಳ್ಳನ್ನೂ ತೆಗೆದಳು. ಹಾಗೇ ತಿರುಗಿ ಪಂಡಿತನ ಬಾಗಿಲಿಗೆ ಬಂದಳು.

ಪಂಡಿತನಿಗೆ ಈಗ ಬೇಸರ ಬಂದಿತ್ತು.

"ಏನಮ್ಮಾ, ನಿನಗೆ ಬೇರೆ ಕೆಲಸ ಇಲ್ವಾ? ಸರಿ. ನಾಳೆ ಕೊನೇ ಸಾಲು. ಕಲ್ಲಿನ ಮೇಲೆ ಉಪಸರ್ಗ ನಿಲ್ತಾನೆ. ಪೂರಾ ಆಗ್ತದೆ. ಆಮೇಲೆ ಈ ಮಾತು ಎತ್ತೋ ಹಾಗಿಲ್ಲ. ನೀನೂ ಎತ್ತೋ ಹಾಗಿಲ್ಲ, ನಿನ್ನ ಎಮ್ಮೇನೂ ಎತ್ತೋ ಹಾಗಿಲ್ಲ."

"ಸಾಲು ಕರೆದವಳು ನಾನು. ಬೇಡ ಅಂದ್ರೆ?"

"ಬೇಡ ಅನ್ನೋದಕ್ಕೂ ಸಾಲು ಬೇಕಮ್ಮಾ."

ಬೆಳಿಗ್ಗೆ ಅವಳು ಕಲ್ಲಿಗೆ ತುಪ್ಪ ಹಚ್ಚಲು ಬಂದಳು. ಕಟ್ಟೆಯಲ್ಲಿ ಕ್ರಿಯಾಪದ ಒಬ್ಬನೇ ಇದ್ದ. ಅವನು ಯಾವಾಗಲೂ ಅಲ್ಲೇ ಇರುತ್ತಿದ್ದ. ತಿನ್ನಿಸುವುದು ಅಲ್ಲೇ, ಮಲಗಿಸುವುದು ಅಲ್ಲೇ. ಎದ್ದು ನಡೆದದ್ದನ್ನು ಯಾರೂ ನೋಡಿರಲಿಲ್ಲ. ಕಾಲು ಬಾತು ಕುರ್ಚಿಯ ಕಾಲಿಗಿಂತ ದಪ್ಪವಾಗಿತ್ತು. ಗಡ್ಡದಲ್ಲಿ ನಿನ್ನೆಯ ಅನ್ನದ ಅಗುಳು ಒಣಗಿತ್ತು.

ಅವಳು ಕಲ್ಲಿಗೆ ತುಪ್ಪ ಹಚ್ಚಿದಳು. ಕೈ ಒರೆಸಿಕೊಂಡಳು. ಒಂದು ಚೆಂಬು ನೀರು ತಂದು ಅವನ ಮುಂದೆ ಇಟ್ಟಳು.

"ಕುಡಿಯೋಕಾ?" ಎಂದ.

"ಬಾಯಿ ಮುಕ್ಕಳಿಸೋಕೆ."

"ಯಾಕೆ ತಾಯಿ?"

"ಮುಳುಗಿಸಿದ ಅಂದೋನು ನೀನು. ಮೊನ್ನೆ ಅಂದೆ. ನಿನ್ನೆ ಅಂದೆ. ಇವತ್ತು ಮತ್ತೆ ಅಂತೀಯಾ. ನನ್ನ ಮಗಳನ್ನ ಅವನು ಒಂದು ಸಲ ಮುಳುಗಿಸಿದ. ನೀನು ದಿನಾ ಮುಳುಗಿಸ್ತೀಯಾ. ಮುಕ್ಕಳಿಸಿ ಉಗೀ. ಹೊಲಸು ಬಾಯಲ್ಲಿ ಅವಳ ಸಾವು ಹೇಳಬೇಡ."

"ನಾನು ಇದ್ದದ್ದು ಹೇಳ್ತೀನಿ. ಸುಳ್ಳು ಹೇಳಿಲ್ಲ."

"ಅದಕ್ಕೇ ವಾಕರಿಕೆ ಬರ್ತದೆ" ಎಂದು ಅವಳು ಹೊರಟುಹೋದಳು.

ಅವನು ಬಾಯಿ ಮುಕ್ಕಳಿಸಿದ. ಉಗಿದ. ಮತ್ತೆ ಮುಕ್ಕಳಿಸಿದ. ಚೆಂಬು ಖಾಲಿಯಾಯಿತು. ಬಾಯಿ ಹಾಗೇ ಇತ್ತು. ಎಷ್ಟೋ ವರ್ಷದಿಂದ ಆಡಿದ್ದೆಲ್ಲ ನಾಲಿಗೆಯ ಮೇಲೆ ಕಲ್ಲಿನ ಜಿಡ್ಡಿನಂತೆ ಕೂತಿತ್ತು. ಎಲ್ಲ ನಿಜವೇ. ಒಂದೂ ಯಾರಿಗೂ ತಾಗಿರಲಿಲ್ಲ.

ಬಿಸಿಲು ಏರಿತು. ಜನ ಬಂದರು. ಇವತ್ತು ಬೂದಿ ಬೇಡ ಎಂದು ಗೊತ್ತಿದ್ದರೂ ಮುಷ್ಟಿಯಲ್ಲಿ ಬೂದಿ ಹಿಡಿದೇ ಬಂದರು. ರೂಢಿ. ಊಟಕ್ಕೆ ತಡವಾಗದಿರಲಿ ಎಂದು ಕೆಲವರು ಎಲೆ ಹಾಕಿಸಿಯೇ ಬಂದಿದ್ದರು. ಮೊದಲಿಗ ಒರಗುದಿಂಬಿನಿಂದ ಎದ್ದು ಸಾಲಿನ ತಲೆಯಲ್ಲಿ ನಿಂತ. ಅದೇ ಶಾಲು ಹೊದ್ದಿದ್ದ. ಕಲೆ ಇನ್ನೂ ಇತ್ತು.

ಪಂಡಿತ ಪೀಕದಾನಿ ಕೆಳಗಿಟ್ಟು ಪಂಚೆಗೆ ಕೈ ಒರೆಸಿಕೊಂಡು ಹಾಡಿದ:

ಗೊತ್ತಿರುವುದು ಎಲ್ಲಕ್ಕಿಂತ ಮೊದಲು.
ಭಾರದ್ದು ಕ್ರಿಯಾಪದದ ಮುಂದೆ, ಒತ್ತಿಕೊಂಡು.
ಉಳಿದದ್ದು ಉಳಿದಲ್ಲಿ.

ಕ್ರಿಯಾಪದ ಈ ಪಾಠವನ್ನು ಹುಟ್ಟಿದಾಗಿನಿಂದ ಕೇಳಿದ್ದ, ಯಾವಾಗಲೂ ತೂಕಡಿಸುತ್ತ. ಇವತ್ತು ಬಾಯಿ ಕೆಟ್ಟಿತ್ತು, ನಿದ್ದೆ ಬರಲಿಲ್ಲ. ಆದ್ದರಿಂದ ಕಿವಿಗೊಟ್ಟ. ಪಾಠದಲ್ಲಿ ಕಲ್ಲು ಎಂಬ ಮಾತೇ ಇರಲಿಲ್ಲ. ಕುರ್ಚಿ ಎಂಬ ಮಾತೂ ಇರಲಿಲ್ಲ. ಹಂಗೇರಿಯವನು ಕಲ್ಲು ಹೊತ್ತು ತಂದವನಲ್ಲ. ಯಾರೋ ತಾತ ಮುತ್ತಾತ, ಜಾಗ ಗುರುತಿಗಿರಲಿ ಎಂದು ಒಂದು ಕಲ್ಲು ನೆಟ್ಟಿದ್ದರು. ಆಮೇಲೆ ಅದರ ಹಿಂದೆ ಕುರ್ಚಿ ಇಟ್ಟರು. ಕುರ್ಚಿಯಲ್ಲಿ ಕ್ರಿಯಾಪದವನ್ನು ಕೂರಿಸಿದರು. ಕೂತ ಕ್ರಿಯಾಪದಕ್ಕೆ ಕಾಲು ಬಾತಿತು. ಊರು ಕಲ್ಲನ್ನೇ ಜಾಗ ಎಂದುಕೊಂಡಿತು.

"ಮೊದಲಿಗ" ಎಂದ ಮೊದಲಿಗ. ಆಕಳಿಸಿದ.

"ಹುಡುಗಿಯನ್ನು" ಎಂದಳು ತುಪ್ಪದವಳು.

"ಕೆರೆಯಲ್ಲಿ" ಎಂದ ಕೆರೆ ಕಾಯುವವನು. ಬಿಂದಿಗೆಯ ನೀರಿನಲ್ಲಿ ಬೂದಿ ತೇಲುತ್ತಿತ್ತು.

ಉಪಸರ್ಗ ಕಲ್ಲು ಹತ್ತಿದ. ಜಾರಿದ. ಕ್ರಿಯಾಪದದ ಹೆಗಲು ಹಿಡಿದು ಸರಿಯಾಗಿ ನಿಂತ. ಬಾಯಿ ತೆರೆದ.

ಕ್ರಿಯಾಪದ ಎದ್ದ.

ಕುರ್ಚಿ ಅವನ ಹಿಂಭಾಗಕ್ಕೆ ಅಂಟಿಕೊಂಡೇ ಸ್ವಲ್ಪ ದೂರ ಬಂತು. ಆಮೇಲೆ ಕಳಚಿ ಬಿತ್ತು. ಹಸಿ ಚರ್ಮ ಸುಲಿದಂಥ ಸದ್ದು. ಕೂತಲ್ಲಿ ಹುಣ್ಣಾಗಿತ್ತು. ಮುಂದೆ ನಿಂತವರು ಮೂಗು ಮುಚ್ಚಿಕೊಂಡರು.

"ಎಲ್ಲಿಗಣ್ಣಾ?" ಎಂದ ಉಪಸರ್ಗ. "ಹೊರಕಡೆಗಾ? ಈಗ್ಲೇನಾ?"

ಕ್ರಿಯಾಪದ ಮಾತಾಡಲಿಲ್ಲ. ಅವನ ಹತ್ತಿರ ಇದ್ದದ್ದು ಒಂದೇ ಪದ. ಅದನ್ನು ದಾರಿಯಲ್ಲಿ ಚೆಲ್ಲುವಂತಿರಲಿಲ್ಲ. ಉಪಸರ್ಗವನ್ನು ದಾಟಿದ. ಬಿಂದಿಗೆಯ ಹತ್ತಿರ ಬಂದ. ಕೆಲವರು ಅಭ್ಯಾಸಬಲದಿಂದ "ಕೆರೆ" ಎಂದು ಬಾಯಿ ತೆರೆದರು. ಅವನು ನಿಲ್ಲಲಿಲ್ಲ. ಅವರು ಬಾಯಿ ಮುಚ್ಚಿದರು. ಲಂಗದ ಹತ್ತಿರ ಬಂದ. ತುಪ್ಪದವಳು ಗಳವನ್ನು ಗಟ್ಟಿಯಾಗಿ ಹಿಡಿದಳು. ಅವನು ನಿಲ್ಲಲಿಲ್ಲ. ಬಾತ ಕಾಲನ್ನು ಎಳೆದುಕೊಂಡು ಸಾಲಿನ ತಲೆಗೆ ಬಂದ. ಮೊದಲಿಗನ ಬೆನ್ನ ಹಿಂದೆ ನಿಂತ. ಒತ್ತಿಕೊಂಡು. ಅವನ ಹೊಟ್ಟೆ ಮೊದಲಿಗನ ಶಾಲಿಗೆ ತಾಗಿತು.

"ಏಯ್, ಏನಿದು?" ಎಂದ ಮೊದಲಿಗ.

"ಮುಳುಗಿಸಿದ" ಎಂದ ಕ್ರಿಯಾಪದ.

ಊರಿನ ಬಾಯಿ ತೆರೆಯಿತು. ತಲೆ ಬೇಡ ಎನ್ನುವ ಮೊದಲೇ ತೆರೆಯಿತು. ಕ್ರಿಯಾಪದದ ಮುಂದಿನದನ್ನು ಕೂಗಿ ಕೂಗಿ ಆ ಬಾಯಿಗಳಿಗೆ ಬೇರೆ ಏನೂ ಗೊತ್ತಿರಲಿಲ್ಲ.

"ಮೊದಲಿಗ! ಮೊದಲಿಗ! ಮೊದಲಿಗ!"

ಕೈಗಳೂ ಹಾಗೇ. ಬೂದಿ ಎದ್ದಿತು. ಮೊದಲಿಗನ ತಲೆ, ಹುಬ್ಬು, ಜಗಿಯುತ್ತಿದ್ದ ಬಾಯಿ, ಎಲ್ಲ ಬೆಳ್ಳಗಾಯಿತು. ಎಲೆಯ ರಸ ಬೂದಿಯೊಡನೆ ಕಲೆಸಿ ಗಲ್ಲಕ್ಕೆ ಇಳಿಯಿತು.

"ನಿಲ್ಸಿ! ತಪ್ಪಿದೆ ಸಾಲು!" ಎಂದು ಪಂಡಿತ ಕಿರುಚಿದ. "ಕಲ್ಲು ಅಲ್ಲಿದೆ! ಕಲ್ಲು ಅಲ್ಲಿದೆಯಯ್ಯಾ!"

ಮೊದಲಿಗ ಅವನ ಪಂಚೆ ಹಿಡಿದು ಎಳೆದ.

"ಬಾರಯ್ಯಾ ಇಲ್ಲಿ! ನಮ್ಮಿಬ್ಬರ ನಡುವೆ ನಿಂತ್ಕೋ! ನಿನಗೆ ಇಷ್ಟು ವರ್ಷ ಕೂಳು ಹಾಕಿದ್ದು ಯಾಕೆ?"

ಪಂಡಿತ ನಡುವೆ ತೂರಿದ.

"ಮುಳುಗಿಸಿದ" ಎಂದ ಕ್ರಿಯಾಪದ.

"ಪಂಡಿತ! ಪಂಡಿತ!" ಎಂದಿತು ಊರು. ಬೂದಿ ಬಿತ್ತು.

"ನಾನಲ್ಲಪ್ಪಾ! ನಾನು ನೀರಿಗೇ ಇಳಿದವನಲ್ಲ! ನನಗೆ ಶೀತ!" ಎಂದು ಪಂಡಿತ ನಾಲ್ಕು ಕಾಲಲ್ಲಿ ತೆವಳಿ ಹೊರಗೆ ಬಂದ. ಪೀಕದಾನಿ ಉರುಳಿ ಅವನ ಮೇಲೆ ಚೆಲ್ಲಿತು. ಅದನ್ನು ಒರೆಸಲು ಇನ್ನೊಬ್ಬರಿರಲಿಲ್ಲ.

ಮೊದಲಿಗ ಸುತ್ತಿ ಬಂದು ಕ್ರಿಯಾಪದದ ಹಿಂದೆ ಅಡಗಲು ನೋಡಿದ. ಕ್ರಿಯಾಪದ ತಿರುಗಿದ. ಮತ್ತೆ ಮುಂದೆ ಮೊದಲಿಗ. "ಮುಳುಗಿಸಿದ." "ಮೊದಲಿಗ!" ಮೊದಲಿಗ ಮನೆಯ ಕಡೆ ಓಡಿದ. ಕ್ರಿಯಾಪದ ಕಾಲು ಎಳೆಯುತ್ತ ಹಿಂದೆಯೇ ಹೋದ. ಮನೆಯವರು ಬಾಗಿಲು ಹಾಕಿದರು. ಒಳಗಿನಿಂದ ಅವರೂ ಕೂಗುತ್ತಿದ್ದರು. "ಮೊದಲಿಗ! ಮೊದಲಿಗ!" ದನಿಯಲ್ಲಿ ಅಳು ಇತ್ತು. ಆದರೂ ಕೂಗುತ್ತಿದ್ದರು.

ಉಪಸರ್ಗ ಕಲ್ಲಿನ ಮೇಲೆ ಬಾಯಿ ತೆರೆದುಕೊಂಡೇ ನಿಂತಿದ್ದ. ಅವನ ಹಿಂದೆ ಯಾರೂ ಇಲ್ಲ. ಖಾಲಿ ಕುರ್ಚಿಯ ಮುಂದೆ 'ಪೂರಾ' ಎಂದು ಏನು ಪ್ರಯೋಜನ? ತುಪ್ಪದವಳನ್ನು ನೋಡಿದ. ಅವನು ಇಳಿದ. ಕಾಲನ್ನು ಮಣ್ಣಿಗೆ ಉಜ್ಜಿ ಜಿಡ್ಡು ತೆಗೆದ.

"ಹಿಂದೆ ಹೋಗ್ತೀನಿ" ಎಂದ. "ಅಲ್ಲಾದ್ರೂ ಗಾಳಿ ಬರ್ತದೆ."

ಹೋಗಿ ಕ್ರಿಯಾಪದದ ಹಿಂದೆ ಸೇರಿಕೊಂಡ. "ಪೂರಾ" ಎಂದ. ಈ ಸಲ ಅದಕ್ಕೆ ಅರ್ಥ ಇತ್ತು.

ಮೊದಲಿಗ ಬೀದಿ ಬೀದಿ ತಿರುಗಿದ. ಎಲ್ಲಿ ನಿಂತರೂ ಬೆನ್ನಿಗೆ ಕ್ರಿಯಾಪದ. ಎಲ್ಲಿ ನಿಂತರೂ ಊರಿನ ಬಾಯಿ. ಕೊನೆಗೆ ಊರಬಾಗಿಲಿಗೆ ಬಂದ. ತಳ್ಳುವವರು ಬೇಕಾಗಲಿಲ್ಲ. ಕೂಗು ಕೇಳದ ಕಡೆಗೆ ಹೋದರೆ ಸಾಕಾಗಿತ್ತು ಅವನಿಗೆ. ಬಾಗಿಲು ದಾಟಿದ. ಶಾಲು ಮುಳ್ಳಿಗೆ ಸಿಕ್ಕಿಕೊಂಡಿತು. ಬಿಟ್ಟು ಓಡಿದ. ಕ್ರಿಯಾಪದ ದಾಟಿದ. ಉಪಸರ್ಗ ದಾಟಿದ. ಮೂವರೂ ಅದೇ ಕ್ರಮದಲ್ಲಿ ಬಯಲಿನ ಕಡೆ ಹೋದರು.

ಊರಿಗೆ ನಾಚಿಕೆಯಾಯಿತು ಎಂದು ನೀವು ಎಣಿಸಿದರೆ, ಆ ಊರು ನಿಮಗೆ ಗೊತ್ತಿಲ್ಲ. ಕೈ ತೊಳೆದುಕೊಂಡರು. ಎಲೆ ಹಾಕಿಸಿ ಬಂದವರು ಆರಿದ ಅನ್ನವನ್ನೇ ಉಂಡರು. ಮರುದಿನ ಕುರ್ಚಿಯನ್ನು ಎತ್ತಿ ಮೊದಲಿನ ಜಾಗದಲ್ಲಿ ಇಟ್ಟರು. ಪಂಡಿತ ಅದರಲ್ಲಿ ಕೂತ. ಸಾಲಿನ ತಲೆಗೆ ಮೊದಲಿಗನ ತಮ್ಮ ಬಂದು ನಿಂತ. ಎಲ್ಲರೂ ಒಂದೊಂದು ಪದ ಆಡಿದರು. ಪಂಡಿತನ ಸರದಿ ಬಂದಾಗ ಅವನ ಬಾಯಿಂದ ಪಾಠ ಮಾತ್ರ ಬಂತು. ಆದದ್ದು ಏನು ಎಂದು ಹೇಳಲು ಅವನಿಗೆ ಬರಲಿಲ್ಲ. ಹೀಗಾಗಿ ಊರಿನಲ್ಲಿ ಏನೂ ಆಗದಾಯಿತು. ಬಾವಿ ತೋಡಿದರೂ ತೋಡಿದಂತಲ್ಲ. ಸತ್ತರೂ ಸತ್ತಂತಲ್ಲ. ಆದರೂ ದಿನಾ ಸಾಲು ನಿಲ್ಲುತ್ತಾರೆ. ಕಲ್ಲಿನ ಮೇಲೆ ಈಗಲೂ ನೂಕುನುಗ್ಗಲು. ತುಪ್ಪ ಇಲ್ಲದ್ದರಿಂದ ಎಂಜಲು ಹಚ್ಚುತ್ತಾರೆ. ನೊಣಗಳಿಗೆ ವ್ಯತ್ಯಾಸ ತಿಳಿದಿಲ್ಲ.

ತುಪ್ಪದವಳು ಲಂಗವನ್ನು ಒಗೆದು ಮಡಿಸಿಟ್ಟಳು. ಗಡಿಗೆಗಳನ್ನು ತೊಳೆದು ಅಂಗಳದಲ್ಲಿ ಬೋರಲು ಹಾಕಿದಳು. ಊರಿಗೆ ತುಪ್ಪ ಕಾಯಿಸಲಿಲ್ಲ. ಪಂಡಿತ ಬಂದು ಕೇಳಿದ. ಮೊದಲಿಗನ ತಮ್ಮ ಬಂದು ಕೇಳಿದ. ಬೋರಲು ಬಿದ್ದ ಗಡಿಗೆಗಳನ್ನು ತೋರಿಸಿದಳು.

ಕೆಲವು ಸಂಜೆ ಬಯಲಿನ ಕಡೆಯಿಂದ ಗಾಳಿ ಬೀಸುತ್ತದೆ. ಊರು ಆಗ ಕಿಟಕಿ ಹಾಕಿಕೊಳ್ಳುತ್ತದೆ. ಅವಳು ಮಾತ್ರ ಹೊಸ್ತಿಲ ಮೇಲೆ ಬಂದು ಕೂರುತ್ತಾಳೆ. ದೂರದಿಂದ ಕೇಳಿಸುತ್ತದೆ. ಮೊದಲು ಓಡಿ ಓಡಿ ಏದುಸಿರು ಬಿಡುವ ಒಬ್ಬನ ಉಸಿರು. ಅದನ್ನು ಒತ್ತಿಕೊಂಡು:

"ಮುಳುಗಿಸಿದ."

ಅದರ ಹಿಂದೆ, ಸಣ್ಣಗೆ:

"ಪೂರಾ."

ಆಗ ಅವಳು ತನ್ನ ಪದ ಆಡುತ್ತಾಳೆ. ಅದನ್ನು ಸಾಲಿನ ಯಾವ ಜಾಗದಲ್ಲಿ ಆಡಬೇಕು ಎಂದು ಹೇಳಲು ಅಲ್ಲಿ ಯಾರೂ ಇರುವುದಿಲ್ಲ.

"ನನ್ನ ಮಗಳನ್ನು" ಎನ್ನುತ್ತಾಳೆ.